ಮುಖ ಒಬ್ಬರದು, ದನಿ ಇನ್ನೊಬ್ಬರದು

ತಾತನ ಪಾಸ್‌ಬುಕ್

ಮುದ್ದು ಮಕ್ಕಳೇ, ಪಕ್ಕದಲ್ಲಿ ಕನ್ನಡಕ ಏರಿಸಿಕೊಂಡು ಕೂತಿರುವ ಅಜ್ಜ-ಅಜ್ಜಿಯರೇ,

ಈ ವಾರ ಒಂದು ಒಗಟಿನಿಂದ ಶುರು ಮಾಡೋಣ. ತೆರೆಯ ಮೇಲೆ ಮಾಧವಿ ಅವರು ಮಾತಾಡುತ್ತಾರೆ, ಆದರೆ ದನಿ ಅವರದಲ್ಲ. ಗಾಯತ್ರಿ ಅವರು ಅಳುತ್ತಾರೆ, ಬಿಕ್ಕುವ ದನಿ ಅವರದಲ್ಲ. ಅಂಬಿಕಾ ಅವರು ನಗುತ್ತಾರೆ, ಆ ನಗುವೂ ಬೇರೆಯವರದು. ಹಾಗಾದರೆ ಯಾರದು?

ಅಜ್ಜ-ಅಜ್ಜಿಯರು ಒಂದು ನಿಮಿಷ ಸುಮ್ಮನಿರಿ, ಮಕ್ಕಳು ಯೋಚಿಸಲಿ. ಈ ನಟಿಯರಲ್ಲಿ ಹಲವರು ಬೇರೆ ಭಾಷೆಯ ಮನೆಗಳಿಂದ ಕನ್ನಡ ಚಿತ್ರರಂಗಕ್ಕೆ ಬಂದವರು. ಅವರ ಎಷ್ಟೋ ಚಿತ್ರಗಳಲ್ಲಿ ನಾವು ಕೇಳಿದ ಅಚ್ಚ ಕನ್ನಡದ ದನಿ ಒಬ್ಬರೇ ಒಬ್ಬರದು. ಅವರ ಹೆಸರು ಬಿ. ಜಯಶ್ರೀ. ನಾವೆಲ್ಲ ಟಿಕೆಟ್ ತೆಗೆದುಕೊಂಡು, ಕಡಲೆಕಾಯಿ ತಿನ್ನುತ್ತಾ ಅವರ ದನಿ ಕೇಳಿಬಂದೆವು. ಆದರೆ ಆ ಚಿತ್ರಗಳಲ್ಲಿ ಅವರ ಮುಖವನ್ನು ನೋಡಲಿಲ್ಲ.

ಇದಕ್ಕೆ ಡಬ್ಬಿಂಗ್ ಎನ್ನುತ್ತಾರೆ. ಚಿತ್ರೀಕರಣ ಮುಗಿದ ಮೇಲೆ ಕತ್ತಲೆ ಕೋಣೆಯಲ್ಲಿ ಮೈಕಿನ ಮುಂದೆ ನಿಲ್ಲಬೇಕು. ಎದುರಿಗೆ ದೃಶ್ಯ ಮತ್ತೆ ಮತ್ತೆ ಓಡುತ್ತಿರುತ್ತದೆ. ತೆರೆಯ ಮೇಲಿನ ತುಟಿ ಯಾವಾಗ ತೆರೆಯಿತೋ ಆಗ ಮಾತು ಶುರುವಾಗಬೇಕು, ತುಟಿ ಮುಚ್ಚಿದಾಗ ನಿಲ್ಲಬೇಕು. ಆಕೆ ಓಡಿಬಂದು ಮಾತಾಡಿದರೆ ಇವರು ನಿಂತಲ್ಲೇ ಏದುಸಿರು ಬಿಡಬೇಕು. ಆಕೆಗೆ ಮುತ್ತೈದೆಯ ಗತ್ತು ಬೇಕಾದರೆ ಇವರ ಗಂಟಲಿನಿಂದಲೇ ಬರಬೇಕು. ಚೆನ್ನಾಗಿ ಮಾಡಿದರೆ ಯಾರಿಗೂ ಗೊತ್ತಾಗುವುದೇ ಇಲ್ಲ. ಗೊತ್ತಾಗದಿದ್ದರೇ ಗೆದ್ದ ಹಾಗೆ. ಎಂಥ ವಿಚಿತ್ರ ಕೆಲಸ ನೋಡಿ!

ಈ ದನಿ ಎಲ್ಲಿಂದ ಬಂತು? ಅದಕ್ಕೆ ನಾವು ಬೆಂಗಳೂರಿನಿಂದ ಅರಸೀಕೆರೆ ಕಡೆಯ ರೈಲು ಹತ್ತಬೇಕು. ತುಮಕೂರು ದಾಟಿದ ಮೇಲೆ ಗುಬ್ಬಿ ಎಂಬ ಊರು ಬರುತ್ತದೆ. ಹೆಸರು ಗುಬ್ಬಿ, ಆದರೆ ಆ ಊರಿನಿಂದ ಹಾರಿದ್ದು ಗರುಡ!

ಗುಬ್ಬಿಯಲ್ಲಿ 1884ರಲ್ಲಿ ಒಂದು ನಾಟಕ ಕಂಪನಿ ಹುಟ್ಟಿತು. ಅದೇ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿ. ಚಿಕ್ಕ ಹುಡುಗನಾಗಿ ಆ ಕಂಪನಿ ಸೇರಿದ ವೀರಣ್ಣ ಎಂಬವರು ಬೆಳೆದು ಅದರ ಮಾಲೀಕರೇ ಆದರು. ಗುಬ್ಬಿ ವೀರಣ್ಣ ಎಂದರೆ ಅಜ್ಜ-ಅಜ್ಜಿಯರ ಕಣ್ಣು ಅರಳುತ್ತದೆ. ಮಕ್ಕಳಿಗೆ ಸ್ವಲ್ಪ ವಿವರಿಸುತ್ತೇನೆ.

ಆಗ ಟಿವಿ ಇಲ್ಲ, ಮೊಬೈಲ್ ಇಲ್ಲ. ನಾಟಕ ಕಂಪನಿ ಒಂದು ಊರಿಗೆ ಬಂತೆಂದರೆ ಒಂದು ಚಿಕ್ಕ ಊರೇ ನಡೆದುಬಂದ ಹಾಗೆ. ನಟರು, ನಟಿಯರು, ಅವರ ಮಕ್ಕಳು, ಹಾರ್ಮೋನಿಯಂ ಬಾರಿಸುವವರು, ತಬಲಾದವರು, ಪರದೆ ಬರೆಯುವವರು, ಬಟ್ಟೆ ಹೊಲಿಯುವವರು, ಅಡುಗೆಯವರು, ಬಡಗಿಗಳು, ಎಲ್ಲರೂ ಬರುತ್ತಿದ್ದರು. ಬಯಲಿನಲ್ಲಿ ತಗಡಿನ ಥಿಯೇಟರ್ ಏಳುತ್ತಿತ್ತು. ಮುಂದೆ ಕುರ್ಚಿ, ಆಮೇಲೆ ಬೆಂಚು, ಆಮೇಲೆ ನೆಲ. ನೆಲದ ಟಿಕೆಟ್ಟಿನವರೇ ಹೆಚ್ಚು, ಶಿಳ್ಳೆ ಹೊಡೆಯುವವರೂ ಅವರೇ. ಹಾಡು ಹಿಡಿಸಿತೋ, 'ಒನ್ಸ್ ಮೋರ್' ಎಂದು ಕೂಗುತ್ತಿದ್ದರು. ಸತ್ತು ಬಿದ್ದ ಪಾತ್ರವೂ ಎದ್ದು ನಿಂತು ಇನ್ನೊಮ್ಮೆ ಹಾಡಿ ಮತ್ತೆ ಸಾಯುತ್ತಿತ್ತು ಎಂದು ಹಿರಿಯರು ನಗುತ್ತಾ ಹೇಳುವುದುಂಟು. ವೀರಣ್ಣನವರ 'ಕುರುಕ್ಷೇತ್ರ' ನಾಟಕದಲ್ಲಂತೂ ನಿಜವಾದ ಆನೆ, ಕುದುರೆಗಳೇ ರಂಗದ ಮೇಲೆ ಬರುತ್ತಿದ್ದವು.

ಮೊದಮೊದಲು ನಾಟಕಗಳಲ್ಲಿ ಹೆಣ್ಣಿನ ಪಾತ್ರವನ್ನೂ ಗಂಡಸರೇ ಮಾಡುತ್ತಿದ್ದರು. ಹೆಣ್ಣುಮಕ್ಕಳು ಬಣ್ಣ ಹಚ್ಚುವುದನ್ನು ಜನ ಒಪ್ಪುತ್ತಿರಲಿಲ್ಲ. ಹೆಣ್ಣುಮಕ್ಕಳಿಗೆ ರಂಗದ ಮೇಲೆ ಗೌರವದ ಜಾಗ ಕೊಟ್ಟವರಲ್ಲಿ ವೀರಣ್ಣನವರು ಮುಖ್ಯರು. ಬಿ. ಜಯಮ್ಮನವರಂಥ ದೊಡ್ಡ ನಟಿ ಬೆಳೆದದ್ದು ಅಲ್ಲೇ. ಡಾ. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್, ಬಿ.ವಿ. ಕಾರಂತ, ಇವರೆಲ್ಲ ಗುಬ್ಬಿ ಕಂಪನಿಯ ಅನ್ನ ಉಂಡವರು. 1954ರಲ್ಲಿ ಬಂದ 'ಬೇಡರ ಕಣ್ಣಪ್ಪ' ಚಿತ್ರದಲ್ಲಿ ರಾಜ್‌ಕುಮಾರ್ ನಾಯಕರಾದಾಗ, ಆ ಚಿತ್ರದ ನಿರ್ಮಾಣದಲ್ಲೂ ಗುಬ್ಬಿಯವರ ಪಾಲಿತ್ತು.

ಇಂಥ ವೀರಣ್ಣನವರ ಮಗಳು ಜಿ.ವಿ. ಮಾಲತಮ್ಮ. ಅವರೂ ರಂಗಭೂಮಿಯವರೇ. ಮಾಲತಮ್ಮನವರ ಮಗಳು ನಮ್ಮ ಜಯಶ್ರೀ, ಹುಟ್ಟಿದ್ದು 1950ರಲ್ಲಿ. ನಾಲ್ಕು ವರ್ಷದ ಮಗುವಾಗಿದ್ದಾಗಲೇ ರಂಗದ ಮೇಲೆ ನಿಂತವರು. ನಿಮಗೆ ಆಟದ ಮೈದಾನ ಇರುವ ಹಾಗೆ ಆ ಮಗುವಿಗೆ ರಂಗಭೂಮಿ. ಪರದೆಯ ಹಿಂದೆ ನಿದ್ದೆ, ಹಾರ್ಮೋನಿಯಂ ಪಕ್ಕದಲ್ಲಿ ಆಟ. ಮಗ್ಗಿ ಬಾಯಿಪಾಠ ಆಗುವ ವಯಸ್ಸಿನಲ್ಲಿ ನಾಟಕದ ಕಂದಗಳು, ಹಾಡುಗಳು ಬಾಯಿಗೆ ಬಂದಿರಬೇಕು.

ಇಲ್ಲಿಯವರೆಗೆ ಕೇಳಿದರೆ ಇದೊಂದು ಸುಖದ ಕತೆ ಅನ್ನಿಸುತ್ತದೆ. ದೊಡ್ಡ ತಾತ, ದೊಡ್ಡ ಕಂಪನಿ, ಮೊಮ್ಮಗಳಿಗೇನು ಕಷ್ಟ? ಕಷ್ಟ ಇತ್ತು ಮಕ್ಕಳೇ. ಆಕೆ ಬೆಳೆಯುವ ಹೊತ್ತಿಗೆ ಊರೂರಿನಲ್ಲಿ ಸಿನಿಮಾ ಟೆಂಟುಗಳು, ಟಾಕೀಸುಗಳು ಎದ್ದವು. ನಾಲ್ಕಾಣೆ-ಎಂಟಾಣೆಗೆ ಸಿನಿಮಾ ಸಿಗುವಾಗ ಜನ ನಾಟಕಕ್ಕೆ ಯಾಕೆ ಬರುತ್ತಾರೆ? ಒಂದೊಂದಾಗಿ ಕಂಪನಿಗಳು ಮುಚ್ಚತೊಡಗಿದವು. ಪರದೆಗಳನ್ನು ಸುತ್ತಿಟ್ಟರು. ನಟರು ಕೆಲಸ ಹುಡುಕಿಕೊಂಡು ಹೋದರು. ಬ್ಯಾಂಕಿನಲ್ಲಿ ಮೂವತ್ತು ವರ್ಷಕ್ಕೂ ಮೇಲೆ ಲೆಡ್ಜರ್ ಬರೆದವನು ನಾನು. ಹಳೆಯ ಹೆಸರಿದ್ದ ಅಂಗಡಿಗಳ ಖಾತೆಯಲ್ಲಿ ಜಮೆ ಕಡಿಮೆಯಾಗಿ ಖರ್ಚು ಮಾತ್ರ ಉಳಿಯುವುದನ್ನು ಕಂಡಿದ್ದೇನೆ. ತಾತನ ಹೆಸರು ಎಷ್ಟೇ ದೊಡ್ಡದಾದರೂ ಅದನ್ನು ಕೌಂಟರಿಗೆ ಕೊಟ್ಟು ಹಣ ತೆಗೆಯಲಾಗುವುದಿಲ್ಲ. ಅವರವರ ಖಾತೆಗೆ ಅವರವರೇ ದುಡಿದು ಹಾಕಬೇಕು.

ಜಯಶ್ರೀ ಏನು ಮಾಡಿದರು? ನಾಟಕ ಬಿಟ್ಟು ಬೇರೆ ದಾರಿ ಹಿಡಿಯಬಹುದಿತ್ತು. 'ನಾನು ಹುಟ್ಟಿನಿಂದ ನಾಟಕದವಳು, ನನಗೇನು ಕಲಿಸುತ್ತೀರಿ' ಎಂದು ಕೂರಬಹುದಿತ್ತು. ಎರಡನ್ನೂ ಮಾಡಲಿಲ್ಲ. ದೆಹಲಿಗೆ ಹೋಗಿ ರಾಷ್ಟ್ರೀಯ ನಾಟಕ ಶಾಲೆಗೆ ವಿದ್ಯಾರ್ಥಿನಿಯಾಗಿ ಸೇರಿದರು. ಆಗ ಅಲ್ಲಿ ನಿರ್ದೇಶಕರಾಗಿದ್ದವರು ಇಬ್ರಾಹಿಂ ಅಲ್ಕಾಜಿ, ಶಿಸ್ತಿಗೆ ಹೆಸರಾದವರು. ಗುಬ್ಬಿಯ ರಂಗಭೂಮಿಯಲ್ಲಿ ಬೆಳೆದ ಹುಡುಗಿ ಅಲ್ಲಿ ದೇಶ-ವಿದೇಶದ ನಾಟಕಗಳನ್ನು ಮೊದಲಿಂದ ಕಲಿತರು. 1972ರಲ್ಲಿ ಗುಬ್ಬಿ ವೀರಣ್ಣನವರಿಗೆ ಪದ್ಮಶ್ರೀ ಬಂತು, ಅದೇ ವರ್ಷ ಅವರು ತೀರಿಕೊಂಡರು. 1973ರಲ್ಲಿ ಮೊಮ್ಮಗಳು ನಾಟಕ ಶಾಲೆಯ ಓದು ಮುಗಿಸಿದರು. ಒಂದು ಪುಟ ಮುಗಿಯಿತು, ಬಾಕಿಯನ್ನು ಮುಂದಿನ ಪುಟಕ್ಕೆ ಒಯ್ದ ಹಾಗಾಯಿತು.

ಬೆಂಗಳೂರಿಗೆ ಬಂದು 1976ರಲ್ಲಿ 'ಸ್ಪಂದನ' ಎಂಬ ತಂಡ ಕಟ್ಟಿದರು. ಆಗ ನಾಟಕದವರಲ್ಲಿ ಎರಡು ಬಣ ಇದ್ದವು. ವೃತ್ತಿ ಕಂಪನಿಯವರ ನಾಟಕದಲ್ಲಿ ಹಾಡು ಹೆಚ್ಚು, ಬಣ್ಣ ಹೆಚ್ಚು, ಅಬ್ಬರ ಹೆಚ್ಚು. ಹೊಸ ಹವ್ಯಾಸಿ ತಂಡದವರಿಗೆ ಅದು ಹಳೆಯ ಕಾಲದ್ದು ಅನ್ನಿಸುತ್ತಿತ್ತು. ಕಂಪನಿಯವರಿಗೆ ಹೊಸಬರ ನಾಟಕ ಉಪ್ಪಿಲ್ಲದ ಸಾರು. ಜಯಶ್ರೀ ಅವರಿಗೆ ಎರಡೂ ಮನೆಯ ಅಡುಗೆ ಗೊತ್ತಿತ್ತು. ಜಾನಪದದ ಕುಣಿತ, ಕಂಪನಿಯ ಹಾಡುಗಾರಿಕೆ, ದೆಹಲಿಯಲ್ಲಿ ಕಲಿತ ಕಟ್ಟುಪಾಡು, ಮೂರನ್ನೂ ಒಂದೇ ಪಾತ್ರೆಗೆ ಹಾಕಿ ಹದವಾಗಿ ಬೇಯಿಸಿದರು. 'ಲಕ್ಷಾಪತಿ ರಾಜನ ಕಥೆ' ಹಾಗೆ ಬಂತು. ಚಂದ್ರಶೇಖರ ಕಂಬಾರರ ಕಾದಂಬರಿ 'ಕರಿಮಾಯಿ' ನಾಟಕವಾಗಿ ಬಂತು. ಶಿವಾಪುರ ಎಂಬ ಹಳ್ಳಿ, ಅದನ್ನು ಕಾಯುವ ದೇವತೆ ಕರಿಮಾಯಿ, ಆ ಹಳ್ಳಿಗೆ ನುಗ್ಗುವ ಹೊಸ ಕಾಲ, ಇದು ಅದರ ಕತೆ. ನಮ್ಮ ಲಿಂಗರಾಜಪುರವೂ ಒಂದು ಕಾಲಕ್ಕೆ ಊರ ಹೊರಗಿನ ಹಳ್ಳಿಯೇ. ಈಗ ಮೇಲ್ಸೇತುವೆ, ಅಪಾರ್ಟ್‌ಮೆಂಟು, ಹಾರ್ನು. ಶಿವಾಪುರದ ಕತೆ ನಮಗೆ ಅಷ್ಟೇನೂ ದೂರದ್ದಲ್ಲ.

ನನಗೆ ತುಂಬ ಇಷ್ಟವಾದ ಸಂಗತಿ ಈಗ ಹೇಳುತ್ತೇನೆ. 'ಸದಾರಮೆ' ಎಂಬ ಹಳೆಯ ನಾಟಕವೊಂದಿದೆ. ಅದರಲ್ಲಿ ಒಬ್ಬ ಕಳ್ಳ ಬರುತ್ತಾನೆ. ಆ ಕಳ್ಳನ ಪಾತ್ರದಲ್ಲಿ ವೀರಣ್ಣನವರು ಬಂದರೆ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಎಷ್ಟೋ ವರ್ಷದ ಮೇಲೆ ಜಯಶ್ರೀ ಅದೇ 'ಸದಾರಮೆ'ಯನ್ನು ಮತ್ತೆ ರಂಗಕ್ಕೆ ತಂದರು. ಆ ಕಳ್ಳನ ಪಾತ್ರ ಮಾಡಿದವರು ಯಾರು ಗೊತ್ತೆ? ಸ್ವತಃ ಜಯಶ್ರೀ! ಗಂಡಸರು ಹೆಣ್ಣಿನ ವೇಷ ಹಾಕುತ್ತಿದ್ದ ರಂಗಭೂಮಿಯಲ್ಲಿ ಮೊಮ್ಮಗಳು ಗಂಡಿನ ವೇಷ ಹಾಕಿ ತಾತನ ಪಾತ್ರ ಮಾಡಿದರು. ತಾತನ ಕೋಟು ಮೊಮ್ಮಗಳಿಗೆ ಸರಿಯಾಗಿ ಹಿಡಿಸಬೇಕಾದರೆ ಅದನ್ನು ಬಿಚ್ಚಿ ಮತ್ತೆ ಹೊಲಿಯಬೇಕು. ಅಷ್ಟು ಕೆಲಸ ಆಕೆ ಮಾಡಿದ್ದರು.

ಸಿನಿಮಾದಲ್ಲೂ ಅವರು ಬರೀ ದನಿಯಾಗಿ ಉಳಿಯಲಿಲ್ಲ. ಗಿರೀಶ ಕಾರ್ನಾಡರ ನಾಟಕವನ್ನು ಆಧರಿಸಿ ಟಿ.ಎಸ್. ನಾಗಾಭರಣ ಅವರು 1997ರಲ್ಲಿ ತೆಗೆದ 'ನಾಗಮಂಡಲ' ಚಿತ್ರದಲ್ಲಿ ಕುರುಡವ್ವನಾಗಿ ನಟಿಸಿದರು. ಕಣ್ಣಿಲ್ಲದ ಮುದುಕಿಯ ಪಾತ್ರ. 2001ರ 'ನನ್ನ ಪ್ರೀತಿಯ ಹುಡುಗಿ' ಚಿತ್ರದಲ್ಲಿ ಕಾರುಗಳ ಮೇಲೊಂದು ತಮಾಷೆಯ ಹಾಡಿದೆಯಲ್ಲ, ಅದನ್ನು ಹಾಡಿದ್ದೂ ಇವರೇ. ಹೆಣ್ಣೂರು ರಸ್ತೆಯಲ್ಲಿ ಸಂಜೆ ಹೊತ್ತು ಸಿಕ್ಕಿಬಿದ್ದಾಗಲೆಲ್ಲ ನನಗೆ ಆ ಹಾಡು ನೆನಪಾಗುತ್ತದೆ.

ಗೌರವಗಳೂ ಬಂದವು. 1996ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ. 2009ರಲ್ಲಿ ಮೈಸೂರಿನ ರಂಗಾಯಣದ ನಿರ್ದೇಶಕಿ. ಆ ರಂಗಾಯಣವನ್ನು ಕಟ್ಟಿದವರು ಗುಬ್ಬಿ ಕಂಪನಿಯಿಂದಲೇ ಬಂದ ಬಿ.ವಿ. ಕಾರಂತರು. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು. ಸಮಾಜ ವಿಜ್ಞಾನ ಓದುವ ಮಕ್ಕಳು ಗಮನಿಸಿ: ಸಾಹಿತ್ಯ, ವಿಜ್ಞಾನ, ಕಲೆ, ಸಮಾಜಸೇವೆಯಲ್ಲಿ ದುಡಿದ 12 ಮಂದಿಯನ್ನು ರಾಷ್ಟ್ರಪತಿಗಳು ರಾಜ್ಯಸಭೆಗೆ ನಾಮಕರಣ ಮಾಡುತ್ತಾರೆ. ಆ ಹನ್ನೆರಡರಲ್ಲಿ ನಮ್ಮ ನಾಟಕ ಕಂಪನಿಯ ಮನೆಯ ಮಗಳೂ ಕೂತಿದ್ದರು. 2013ರಲ್ಲಿ ಪದ್ಮಶ್ರೀ. ತಾತನಿಗೆ 1972ರಲ್ಲಿ ಬಂದ ಗೌರವ ಮೊಮ್ಮಗಳಿಗೆ 41 ವರ್ಷದ ಮೇಲೆ ಬಂತು. ಈ ಕಳೆಯುವ ಲೆಕ್ಕವನ್ನು ಎರಡನೇ ತರಗತಿಯವರು ಒಮ್ಮೆ ಪರೀಕ್ಷಿಸಿ ನೋಡಿ.

ಈಗ ಸ್ವಲ್ಪ ದೂರ ಹೋಗಿಬರೋಣ. ಯೂರೋಪಿನಲ್ಲಿ ಜೆಕ್ ಜನರ ನಾಡಿದೆ, ರಾಜಧಾನಿ ಪ್ರಾಗ್. ಒಂದು ಕಾಲದಲ್ಲಿ ಅಲ್ಲಿ ಜರ್ಮನ್ ಭಾಷೆಗೇ ಗತ್ತು. ಕಚೇರಿಯಲ್ಲಿ, ದೊಡ್ಡವರ ಮನೆಯಲ್ಲಿ ಜರ್ಮನ್. ಜೆಕ್ ಎಂದರೆ ಹಳ್ಳಿಯವರ ಭಾಷೆ ಎನ್ನುವ ತಾತ್ಸಾರ. ಆಗ ಜೆಕ್ ಜನ ತಮ್ಮ ಭಾಷೆಯಲ್ಲೇ ನಾಟಕ ಆಡಲು ಒಂದು ರಾಷ್ಟ್ರೀಯ ರಂಗಮಂದಿರ ಬೇಕೆಂದು ಹಣ ಕೂಡಿಸಿದರು. ಬಡವರೂ ಬಿಡಿಗಾಸು ಕೊಟ್ಟರು. 1881ರಲ್ಲಿ ಅದು ತೆರೆಯಿತು, ಕೆಲವೇ ವಾರಗಳಲ್ಲಿ ಬೆಂಕಿಗೆ ಸಿಕ್ಕಿತು. ಜನ ಕೈಚೆಲ್ಲಿ ಕೂರಲಿಲ್ಲ. ಮತ್ತೆ ಹಣ ಕೂಡಿಸಿ ಕಟ್ಟಿ, 1883ರಲ್ಲಿ ಪುನಃ ಬಾಗಿಲು ತೆರೆದರು. ನಾಡು ತನಗಾಗಿ ತಾನೇ ಕಟ್ಟಿಕೊಂಡದ್ದು ಎಂಬ ಅರ್ಥದ ಮಾತನ್ನು ರಂಗದ ಮೇಲ್ಭಾಗದಲ್ಲಿ ಬರೆಸಿದ್ದಾರೆ. ಜೆಕ್ ನಾಡಿನ ಎಷ್ಟೋ ಸಿನಿಮಾ ನಟಿಯರು ಇವತ್ತಿಗೂ ಹಗಲು ಚಿತ್ರೀಕರಣ, ಸಂಜೆ ನಾಟಕ ಎಂದು ಎರಡನ್ನೂ ನಡೆಸುತ್ತಾರೆ.

1883ರಲ್ಲಿ ಪ್ರಾಗ್, 1884ರಲ್ಲಿ ಗುಬ್ಬಿ! ಒಂದೇ ವರ್ಷದ ಅಂತರ. ಅಲ್ಲಿ ಕಲ್ಲಿನ ಅರಮನೆಯಂಥ ಕಟ್ಟಡ, ಇಲ್ಲಿ ಬಯಲಿನಲ್ಲಿ ಹಾಕಿ ಬಿಚ್ಚುವ ಥಿಯೇಟರ್. ಆದರೆ ಎರಡೂ ಕಡೆ ಜನ ದುಡ್ಡು ಕೊಟ್ಟು ಕೇಳಿದ್ದು ಒಂದನ್ನೇ. ತಮ್ಮ ಭಾಷೆಯನ್ನು ಬಾಯಿ ತುಂಬ ಆಡುವವರ ದನಿಯನ್ನು.

ಇದನ್ನೆಲ್ಲ ಯಾಕೆ ಹೇಳುತ್ತಿದ್ದೇನೆ ಅಂದರೆ, ಹೋದ ನವೆಂಬರಿನಲ್ಲಿ ನನ್ನ ಮೊಮ್ಮಗಳು ರಾಜ್ಯೋತ್ಸವಕ್ಕೆ ಭಾಷಣ ಮಾಡಬೇಕಿತ್ತು. ಆರನೇ ತರಗತಿ. ಬರೆದದ್ದು ಚೆನ್ನಾಗಿತ್ತು, ಒಂದು ಒತ್ತಕ್ಷರವೂ ತಪ್ಪಿರಲಿಲ್ಲ. ಓದು ಅಂದರೆ ಮಾತ್ರ ದನಿ ಗಂಟಲಲ್ಲೇ ನಿಲ್ಲುತ್ತಿತ್ತು. ನಮ್ಮ ಬೀದಿಯಲ್ಲಿ ತಮಿಳು, ತೆಲುಗು, ಉರ್ದು, ಇಂಗ್ಲಿಷ್ ಎಲ್ಲ ಕೇಳಿಸುತ್ತವೆ. ಅದು ನಮ್ಮ ದಂಡು ಪ್ರದೇಶದ ಸೊಬಗು, ಅದರ ಬಗ್ಗೆ ನನಗೆ ಬೇಸರವಿಲ್ಲ. ಮಕ್ಕಳು ನಾಲ್ಕು ಭಾಷೆ ಕಲಿಯಲಿ. ಆದರೆ ಕನ್ನಡ ಅವರಿಗೆ ಪರೀಕ್ಷೆಯಲ್ಲಿ ಬರೆಯುವ ಭಾಷೆ ಆಗಿಬಿಟ್ಟಿದೆ. ಬಾಯಿ ಬಿಟ್ಟು ಆಡುವ ಸಂದರ್ಭವೇ ಬರುವುದಿಲ್ಲ.

"ಜೋರಾಗಿ ಹೇಳು ಪುಟ್ಟಿ" ಅಂದೆ.

"ಜೋರಾಗಿ ಹೇಳಿದ್ರೆ ಕೂಗಿದ ಹಾಗಿರತ್ತೆ ತಾತ. ಎಲ್ರೂ ನಗ್ತಾರೆ."

ನನಗೆ ಉತ್ತರ ಹೊಳೆಯಲಿಲ್ಲ. ಕೌಂಟರಿನಲ್ಲಿ ಕೂತು ಟೋಕನ್ ನಂಬರ್ ಕೂಗಿದ ಗಂಟಲು ನನ್ನದು. ಕೂಗುವುದು ಗೊತ್ತು, ಮಾತಾಡುವುದು ಬೇರೆ. ಆಗ ಅಡುಗೆಮನೆಯಿಂದ ನಮ್ಮ ಮನೆಯವರು ಕೈ ಒರೆಸಿಕೊಳ್ಳುತ್ತಾ ಬಂದರು. "ಕೂಗಬೇಡ ಕಣೇ. ಹಿಂದಿನ ಸಾಲಲ್ಲಿ ಕೂತಿರೋ ಅಜ್ಜಿಗೆ ಹೇಳು. ಅವರಿಗೆ ಕಿವಿ ಸ್ವಲ್ಪ ಮಂದ, ಆದರೆ ನಿನ್ನ ಮಾತು ಕೇಳೋ ಆಸೆ ಇದೆ ಅಂದ್ಕೋ" ಎಂದರು. ಆಮೇಲೆ ಸೊಂಟಕ್ಕೆ ಕೈಯಿಟ್ಟು, ಒಂದು ಕಂಪನಿ ನಾಟಕದ ಹಾಡನ್ನು ಪಲ್ಲವಿಯಿಂದ ಕೊನೆಯವರೆಗೆ ಹಾಡಿಬಿಟ್ಟರು. ಎದುರು ಮನೆಯ ಬಾಲ್ಕನಿಯಲ್ಲಿ ಬಟ್ಟೆ ಒಣಹಾಕುತ್ತಿದ್ದವರು ನಿಂತು ಕೇಳಿದರು.

ಮದುವೆಯಾಗಿ 46 ವರ್ಷವಾಗಿದೆ. ಆ ಹಾಡನ್ನು ನಾನು ಅವತ್ತೇ ಮೊದಲು ಕೇಳಿದ್ದು. ಚಿಕ್ಕವರಿದ್ದಾಗ ಅವರ ಊರಿನ ಜಾತ್ರೆಗೆ ನಾಟಕ ಕಂಪನಿ ಬರುತ್ತಿತ್ತಂತೆ. ಅಪ್ಪನ ಹೆಗಲ ಮೇಲೆ ಕೂತು ನೋಡಿದ್ದಂತೆ. "ಇಷ್ಟು ದಿನ ಯಾಕೆ ಹಾಡಲಿಲ್ಲ?" ಎಂದೆ. "ಯಾರೂ ಕೇಳಲಿಲ್ಲವಲ್ಲ" ಎಂದರು, ಒಲೆಯ ಮೇಲಿದ್ದ ಸಾರು ನೋಡಲು ಹೋದರು.

ಮೊಮ್ಮಗಳು ರಾಜ್ಯೋತ್ಸವದ ದಿನ ಮೈಕ್ ಕೈಕೊಟ್ಟರೂ ನಿಲ್ಲಿಸಲಿಲ್ಲ. ಹಿಂದಿನ ಸಾಲಿನಲ್ಲಿ ಕೂತಿದ್ದ ನನಗೆ ಪ್ರತಿ ಮಾತೂ ಕೇಳಿಸಿತು. ಬಹುಮಾನ ಬೇರೆ ಮಗುವಿಗೆ ಬಂತು, ಅದೂ ಚೆನ್ನಾಗಿಯೇ ಮಾತಾಡಿತು. ನಮ್ಮ ಮನೆಗೆ ಬಂದದ್ದು ಬೇರೆ ಬಹುಮಾನ. ಈಗ ಭಾನುವಾರ ಸಂಜೆ ಅಜ್ಜಿ-ಮೊಮ್ಮಗಳು ಕೂತು ಹಾಡು ಬರೆದುಕೊಳ್ಳುತ್ತಿದ್ದಾರೆ. ಇದುವರೆಗೆ ಏಳು ಹಾಡುಗಳಾಗಿವೆ. ಎರಡರಲ್ಲಿ ಚರಣ ಮರೆತುಹೋಗಿದೆ. ಹೋದದ್ದು ಹೋಯಿತು, ಉಳಿದದ್ದಕ್ಕೆ ನೋಟ್‌ಬುಕ್ಕಿನಲ್ಲಿ ಜಾಗವಿದೆ.

ಅಜ್ಜ-ಅಜ್ಜಿಯರೇ, ನಿಮಗೊಂದು ಮಾತು. ವೀರಣ್ಣನವರಿಗೆ ಕಂಪನಿ ಇತ್ತು, ಆನೆ-ಕುದುರೆ ಇದ್ದವು. ಮೊಮ್ಮಗಳಲ್ಲಿ ಉಳಿದದ್ದು ಅದು ಯಾವುದೂ ಅಲ್ಲ, ಕಿವಿಗೆ ಬಿದ್ದ ದನಿ ಮತ್ತು ಕಣ್ಣಿಗೆ ಬಿದ್ದ ದುಡಿಮೆ. ನಮ್ಮ ಬಳಿಯೂ ಕಂಪನಿ ಇಲ್ಲದಿದ್ದರೇನು, ಒಂದು ಸೋಬಾನೆ ಪದವೋ, ಲಾವಣಿಯೋ, ಶಾಲೆಯಲ್ಲಿ ಮಾಡಿದ ನಾಟಕದ ನಾಲ್ಕು ಮಾತೋ ಇದ್ದೇ ಇರುತ್ತವೆ. ಬ್ಯಾಂಕಿನಲ್ಲಿ ಬಹಳ ವರ್ಷ ಯಾರೂ ಮುಟ್ಟದ ಖಾತೆಗೆ ನಿಷ್ಕ್ರಿಯ ಖಾತೆ ಎನ್ನುತ್ತೇವೆ. ಹಣ ಒಳಗೇ ಇರುತ್ತದೆ, ಬಂದು ಕೇಳುವವರು ಬೇಕು. ನಾಮಿನಿಗಳು ಮನೆಯಲ್ಲೇ ಓಡಾಡಿಕೊಂಡಿದ್ದಾರೆ. ಅವರು ಕೇಳದಿದ್ದರೆ ನೀವೇ ಕರೆದು ಕೊಡಿ.

ಮಕ್ಕಳೇ, ಈ ವಾರದ ಮನೆಗೆಲಸ ಮೂರು.

ಒಂದು: ನಿಮ್ಮ ಅಜ್ಜ ಅಥವಾ ಅಜ್ಜಿಯನ್ನು "ನೀವು ಚಿಕ್ಕವರಿದ್ದಾಗ ನೋಡಿದ ನಾಟಕ ಯಾವುದು?" ಎಂದು ಕೇಳಿ. ಒಂದು ಹಾಡೋ ಮಾತೋ ನೆನಪಿದ್ದರೆ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ. ಕನ್ನಡವೇ ಆಗಬೇಕೆಂದಿಲ್ಲ. ಪಕ್ಕದ ಮನೆಯ ಪಾಟಿ ಹೇಳಿದ ತಮಿಳು ಹಾಡಾದರೂ ಕನ್ನಡ ಲಿಪಿಯಲ್ಲಿ ಬರೆದಿಡಿ.

ಎರಡು: ಟಿವಿಯಲ್ಲಿ ಯಾವುದಾದರೂ ಹಳೆಯ ಕನ್ನಡ ಚಿತ್ರ ಬಂದಾಗ ಎರಡು ನಿಮಿಷ ದನಿ ನಿಲ್ಲಿಸಿ. ಪಾತ್ರದ ತುಟಿ ನೋಡಿಕೊಂಡು ನೀವೇ ಮಾತು ಕೂರಿಸಿ. ಅಜ್ಜ ನಾಯಕನಾಗಲಿ, ನೀವು ನಾಯಕಿಯಾಗಿ. ಡಬ್ಬಿಂಗ್ ಎಷ್ಟು ಕಷ್ಟ, ಎಷ್ಟು ಮಜಾ ಎಂಬುದು ಆಗ ಗೊತ್ತಾಗುತ್ತದೆ.

ಮೂರು: ರಜೆಯಲ್ಲಿ ಒಂದು ನಾಟಕ ನೋಡಿ. ನಮ್ಮ ಕಡೆಯಿಂದಾದರೆ ಶಿವಾಜಿನಗರಕ್ಕೆ ಬಂದು, ಅಲ್ಲಿಂದ ಕಾರ್ಪೊರೇಷನ್ ಕಡೆಯ ಬಸ್ ಹತ್ತಿದರೆ ರವೀಂದ್ರ ಕಲಾಕ್ಷೇತ್ರಕ್ಕೆ ನಡೆದೇ ಹೋಗಬಹುದು. ನಾಟಕ ಮುಗಿದ ಮೇಲೆ ಕಲಾವಿದರೆಲ್ಲ ಸಾಲಾಗಿ ನಿಂತು ಕೈಮುಗಿಯುತ್ತಾರೆ. ಆಗ ಎದ್ದು ಓಡಬೇಡಿ, ಕೈ ನೋಯುವ ತನಕ ಚಪ್ಪಾಳೆ ತಟ್ಟಿ.

ಮುಂದಿನ ವಾರಕ್ಕೆ ಒಗಟು: ಕಾಲಿನಿಂದ ಉಸಿರು, ಕೈಯಿಂದ ಹಾಡು, ಹೊಟ್ಟೆಯಲ್ಲಿ ಗಾಳಿ, ನಾಟಕ ಕಂಪನಿಗೆ ನಾನೇ ಜೀವ. ನಾನು ಯಾರು? ಉತ್ತರ ಈ ಲೇಖನದಲ್ಲೇ ಎರಡು ಕಡೆ ಇದೆ. ಹುಡುಕಿ, ಸಿಗದಿದ್ದರೆ ಅಜ್ಜಿಯನ್ನು ಕೇಳಿ.